ದ್ರಿಯಾ ಪಾವೊಲಾ ಎಂಬ ನಟಿ

ಇಟಲಿಯ ಮೊದಲ ಟಾಕಿ ಸಿನಿಮಾ 'ಲಾ ಕಾನ್ಜೋನೆ ದೆಲ್ಲಮೋರೆ'. 1930ರಲ್ಲಿ ತೆರೆಕಂಡಿತು. ನಿರ್ದೇಶಕ ಜೆನ್ನಾರೊ ರಿಗೆಲ್ಲಿ, ಮೂಲ ಕಥೆ ಇಟಲಿಯ ಲೇಖಕ ಪಿರಾಂಡೆಲ್ಲೊ ಅವರದು. ಇಷ್ಟು ಎಲ್ಲ ಕಡೆ ಸಿಗುತ್ತದೆ. ನಾಯಕಿ ದ್ರಿಯಾ ಪಾವೊಲಾ ಬಗ್ಗೆ ಮಾತ್ರ ಯಾರೂ ಜಾಸ್ತಿ ಬರೆಯುವುದಿಲ್ಲ.

ರೊವಿಗೊ ಊರಿನ ಹುಡುಗಿ, ಆಗಿನ್ನೂ ಇಪ್ಪತ್ತೊಂದರ ಆಸುಪಾಸು. ತಾಯಿ ಸತ್ತ ಮೇಲೆ ಹಸುಗೂಸು ತಮ್ಮನನ್ನು ಸಾಕಲು ತನ್ನ ಪ್ರೀತಿಯನ್ನೇ ಬಿಟ್ಟುಕೊಡುವ ಲೂಚಿಯಾಳ ಪಾತ್ರ. ಆಗ ಡಬ್ಬಿಂಗ್ ರೂಢಿ ಇರಲಿಲ್ಲ. ಹಾಗಾಗಿ ಫ್ರೆಂಚ್, ಜರ್ಮನ್ ಆವೃತ್ತಿಗಳನ್ನು ಬೇರೆ ನಟಿಯರನ್ನಿಟ್ಟು ಮತ್ತೆ ಚಿತ್ರೀಕರಿಸಿದರು. ಅದಕ್ಕೂ ಮೊದಲು ಆಕೆ ನಟಿಸಿದ್ದ, ನಿರ್ದೇಶಕ ಬ್ಲಾಸೆಟ್ಟಿಯವರ ಮೂಕಿ ಚಿತ್ರ 'ಸೋಲೆ'ಯಲ್ಲಿ ಈಗ ಉಳಿದಿರುವುದು ಒಂದು ತುಣುಕಷ್ಟೇ. ಸುಮ್ನೆ ಯೋಚಿಸಿ, ಒಂದು ದೇಶದ ಸಿನಿಮಾ ಮಾತು ಕಲಿತಾಗ ಮುಂದೆ ನಿಂತವಳು ಈಕೆ. ಆ ಹೆಸರು ಇನ್ನಷ್ಟು ಜನರಿಗೆ ಗೊತ್ತಿರಬೇಕಿತ್ತು, ಅಲ್ವಾ?