ಶಾಲೋಮನ ಕಡಿದುಹೋದ ಮಾತು

ಹಳೆಯ ಈಜಿಪ್ಟ್ ಸಿನಿಮಾ. ಶಾಲೋಮ್ ಬಾಯಿ ತೆರೆಯುತ್ತಾನೆ, ಚಿತ್ರ ಜಿಗಿಯುತ್ತದೆ, ಪಕ್ಕದ ಅಬ್ದು ಇದ್ದಕ್ಕಿದ್ದಂತೆ ಬೇರೆ ಕಡೆ ತಿರುಗಿರುತ್ತಾನೆ. ಅದಾದ ಮೇಲೆ ಮಾತಿನ ಬಾಲ ಕಡಿದುಹೋಗುತ್ತದೆ. ಈ ವಾರ ಆ ಜಾಗವನ್ನೇ ಹಿಂದೆ ಮುಂದೆ ಓಡಿಸಿದ್ದು ಎಷ್ಟು ಸಲವೋ. ಜತೆಗೆ ನೋಡುತ್ತಿದ್ದವರು "ಇವನಿಗೆ ಟೈಮಿಂಗೇ ಇಲ್ವಲ್ಲ" ಅಂದುಬಿಟ್ಟರು. ಅನ್ಯಾಯದ ಮಾತು.

ಶಾಲೋಮ್ ಅಂದರೆ ಲಿಯೋನ್ ಆಂಜೆಲ್. 1930ರ ದಶಕದಲ್ಲಿ ಈಜಿಪ್ಟಿನ ಅಲೆಕ್ಸಾಂಡ್ರಿಯಾದಲ್ಲಿ ತೋಗೊ ಮಿಜ್ರಾಹಿ ತೆಗೆದ ಹಾಸ್ಯಚಿತ್ರಗಳ ಬಡ ಯಹೂದಿ. ಪಾತ್ರದ ಹೆಸರು ನಟನ ಹೆಸರನ್ನೇ ನುಂಗಿತು. 1934ರ 'ಅಲ್ ಮಂದೂಬಾನ್' ಚಿತ್ರದಲ್ಲಿ ಅವನೂ ಮುಸ್ಲಿಂ ಗೆಳೆಯ ಅಬ್ದುವೂ ಜೋಡಿ. 1937ರ 'ಅಲ್ ಇಜ್ ಬಹ್ದಲಾ'ದಲ್ಲಿ ಶಾಲೋಮ್ ಲಾಟರಿ ಚೀಟಿ ಮಾರುತ್ತಾನೆ, ಅಬ್ದು ಕಟುಕನ ಅಂಗಡಿಯಲ್ಲಿ ದುಡಿಯುತ್ತಾನೆ. ಮಿಜ್ರಾಹಿಯ ಕೈಗೆ ಆಮೇಲೆ ಗಾಯಕಿ-ನಟಿ ಲೈಲಾ ಮುರಾದ್‌ರಂಥ ದೊಡ್ಡ ಹೆಸರುಗಳು ಸಿಕ್ಕವು.

ಟೈಮಿಂಗ್ ಹೋಗಿದ್ದು ನಟನಿಂದಲ್ಲ, ಹರಿದ ಫಿಲ್ಮನ್ನು ಅಂಟಿಸಿದ ಜಾಯಿಂಟಿನಿಂದ. 35 ಎಂಎಂ ರೀಲಿನಲ್ಲಿ ಚಿತ್ರವೂ ಅದರ ಶಬ್ದವೂ ಅಕ್ಕಪಕ್ಕ ಇರುವುದಿಲ್ಲ. ಪ್ರೊಜೆಕ್ಟರಿನಲ್ಲಿ ಫಿಲ್ಮು ಮೊದಲು ಬೆಳಕಿನ ಗೇಟು ದಾಟಿ, ಆಮೇಲೆ ಶಬ್ದ ಓದುವ ಸೌಂಡ್ ಹೆಡ್ಡಿಗೆ ಬರುತ್ತದೆ. ಹಾಗಾಗಿ ಶಬ್ದವನ್ನು ಸುಮಾರು 20 ಫ್ರೇಮ್ ಮುಂದೆ ಅಚ್ಚು ಹಾಕಿರುತ್ತಾರೆ. ಸೆಕೆಂಡಿಗೆ 24 ಫ್ರೇಮ್, ಅಂದರೆ 0.83 ಸೆಕೆಂಡಿನ ಅಂತರ. ಫಿಲ್ಮು ಹರಿದಾಗ ಆಪರೇಟರ್ ಹಾಳಾದ 10 ಫ್ರೇಮ್ ಕತ್ತರಿಸಿ, ತುದಿ ಕೆರೆದು ಫಿಲ್ಮ್ ಸಿಮೆಂಟ್ ಎಂಬ ಅಂಟು ಹಚ್ಚಿ ಅಂಟಿಸಿದ ಅನ್ನಿ. ತೆರೆಯ ಮೇಲೆ ಚಿತ್ರ ಈಗ ಜಿಗಿಯುತ್ತದೆ, ಮಾತು 0.83 ಸೆಕೆಂಡಿನ ಮೇಲೆ ತುಂಡಾಗುತ್ತದೆ. ಒಂದೇ ಕತ್ತರಿಗೆ ಎರಡು ಗಾಯ. ಸಾಲದ್ದಕ್ಕೆ, ಜಾಯಿಂಟ್ 'ಟಪ್' ಅನ್ನದಿರಲಿ ಎಂದು ಸೌಂಡ್ ಟ್ರ್ಯಾಕಿನ ಮೇಲೆ ಕರಿ ಶಾಯಿಯಲ್ಲಿ ತ್ರಿಕೋನ ಬಳಿಯುತ್ತಿದ್ದರು. ಕೈ ಸ್ವಲ್ಪ ಭಾರವಾದರೆ ಒಂದು ಅಕ್ಷರವೂ ಅದರ ಜತೆಗೇ ಹೋಯಿತು.

1000 ಅಡಿಯ ರೀಲು ಓಡುವುದು 11 ನಿಮಿಷ. ಹೆಚ್ಚು ಸವೆಯುವುದು ಅದರ ತಲೆ ಮತ್ತು ಬಾಲ. ಹಾಸ್ಯನಟನ ಪಂಚ್ ಅಲ್ಲಿ ಬಿದ್ದಿದ್ದರೆ ಅವನ ದುರದೃಷ್ಟ. ಇಡೀ ಚಿತ್ರದಲ್ಲಿ ತುಟಿಗೂ ಮಾತಿಗೂ ಒಂದೇ ಅಳತೆಯ ಅಂತರವಿದ್ದರೆ ಮಾತ್ರ ರಿಪೇರಿ ಸುಲಭ. ವಿಂಡೋಸ್ ಕಂಪ್ಯೂಟರಿನ ವಿಎಲ್‌ಸಿ ವಿಡಿಯೊ ಪ್ಲೇಯರಿನಲ್ಲಿ ಜೆ, ಕೆ ಕೀಲಿ ಒತ್ತಿದರೆ ಸಾಕು, ಒತ್ತಿಗೆ 50 ಮಿಲಿಸೆಕೆಂಡಿನಂತೆ ಶಬ್ದ ಹಿಂದೆ ಮುಂದೆ ಸರಿಯುತ್ತದೆ. ಜಾಯಿಂಟಿನಲ್ಲಿ ಹೋದದ್ದಕ್ಕೆ ಯಾವ ಕೀಲಿಯೂ ಇಲ್ಲ.

ಹಾಗಂತ ಗೊಣಗುವಂತೆಯೂ ಇಲ್ಲ. 'ಅಲ್ ಮಂದೂಬಾನ್' ಬಂದ ವರ್ಷವೇ ಬಂದ ನಮ್ಮ 'ಸತಿ ಸುಲೋಚನ'ದ ಪ್ರತಿಯೇ ಇಲ್ಲ. ಆದರೆ ಶಾಲೋಮನನ್ನು ನೆನೆಯುವವರೂ ಹೆಚ್ಚಾಗಿ ಹಳೆಯ ಅಲೆಕ್ಸಾಂಡ್ರಿಯಾದ ಸೌಹಾರ್ದಕ್ಕೆ ಸಾಕ್ಷಿಯಾಗಿ ನೆನೆಯುತ್ತಾರೆಯೇ ಹೊರತು ನಗಿಸುವವನಾಗಿ ಅಲ್ಲ. ಸಾಕ್ಷಿಗೆ ಟೈಮಿಂಗ್ ಬೇಕಿಲ್ಲ ನೋಡಿ. ಮಾತು ಕಡಿದುಹೋಗುವ ಆ ಜಾಗದಲ್ಲಿ ಶಾಲೋಮನನ್ನು ಬಿಟ್ಟು ಅಬ್ದುವಿನ ಮುಖ ನೋಡಬೇಕು. ನಮಗೆ ಕೇಳದ ಆ ಮಾತು ಅವನಿಗೆ ಕೇಳಿಸಿದೆ, ನಗು ಆಗಲೇ ಅರ್ಧ ಬಂದಿದೆ.