ಸುಳ್ಳು ಕೇಸಾದರೆ ಹೈಕೋರ್ಟ್ ರದ್ದು ಮಾಡುವುದಿಲ್ಲವೇ?

ವಕೀಲನಾದ ನನ್ನ ಬಳಿ ಬರುವವರಲ್ಲಿ ಅನೇಕರು ಎಫ್‌ಐಆರ್ ಪ್ರತಿಯನ್ನು ಮೇಜಿನ ಮೇಲಿಡುತ್ತಲೇ ಕೇಳುವ ಪ್ರಶ್ನೆಯಿದು: “ಸರ್, ಇದು ಪೂರ್ತಿ ಸುಳ್ಳು ಕೇಸು. ಹೈಕೋರ್ಟಿಗೆ ಹೋದರೆ ರದ್ದಾಗುತ್ತದಲ್ಲವೇ?” ಅವರ ಆತಂಕ ನನಗೆ ಅರ್ಥವಾಗುತ್ತದೆ. ಆದರೂ ಸುಳ್ಳು ಎಂಬ ಒಂದೇ ಕಾರಣಕ್ಕೆ ಕೇಸು ಸಾಮಾನ್ಯವಾಗಿ ರದ್ದಾಗುವುದಿಲ್ಲವೆಂದು ನಾನು ಹೇಳಲೇಬೇಕಾಗುತ್ತದೆ.

ದೂರಿನಲ್ಲಿ ಬರೆದಿರುವುದೆಲ್ಲ ನಿಜವೆಂದೇ ಇಟ್ಟುಕೊಂಡರೂ ಅದರಿಂದ ಅಪರಾಧವೊಂದು ಆಗುತ್ತದೆಯೇ ಎಂಬುದನ್ನು ಹೈಕೋರ್ಟ್ ಮೊದಲು ನೋಡುತ್ತದೆ. ನಿಜವೋ ಸುಳ್ಳೋ ಎಂಬುದು ಸಾಕ್ಷಿಗಳನ್ನು ಕಟಕಟೆಗೆ ಕರೆಸಿ, ಪಾಟೀಸವಾಲು ಮಾಡಿ ವಿಚಾರಣಾ ನ್ಯಾಯಾಲಯ ತೀರ್ಮಾನಿಸಬೇಕಾದ ಸಂಗತಿ.

ಕೈಗಡದ ಉದಾಹರಣೆ ತೆಗೆದುಕೊಳ್ಳಿ. ಒಬ್ಬರು ಐದು ಲಕ್ಷ ರೂಪಾಯಿ ಸಾಲ ಪಡೆದು, ಎರಡು ವರ್ಷ ತಪ್ಪದೆ ಬಡ್ಡಿ ಕಟ್ಟಿ, ಆಮೇಲೆ ವ್ಯಾಪಾರ ಕುಸಿದು ನಿಲ್ಲಿಸಿದರು. ಸಾಲ ಕೊಟ್ಟವರು ವಂಚನೆಯ ದೂರು ಕೊಟ್ಟರು. ವಂಚನೆಯಾಗಬೇಕಾದರೆ ಹಣ ಪಡೆಯುವಾಗಲೇ ಮೋಸದ ಉದ್ದೇಶವಿರಬೇಕು. ಎರಡು ವರ್ಷ ಬಡ್ಡಿ ಬಂದಿದೆಯೆಂದು ದೂರೇ ಒಪ್ಪಿಕೊಂಡಿದ್ದು, ಮೊದಲಿನಿಂದಲೂ ಮೋಸವಿತ್ತೆಂದು ತೋರಿಸುವ ಬೇರೊಂದು ಮಾತೂ ಅದರಲ್ಲಿ ಇಲ್ಲದಿದ್ದರೆ, ಪ್ರತಿ ಅಕ್ಷರ ನಿಜವಾದರೂ ಅದು ಸಿವಿಲ್ ದಾವೆಯ ವಿಷಯವಷ್ಟೆ, ಮತ್ತು ಅಂಥ ಕೇಸು ರದ್ದಾಗಲು ಯೋಗ್ಯ. ಅದೇ ವ್ಯಕ್ತಿ “ನಾನು ಸಾಲವನ್ನೇ ಪಡೆದಿಲ್ಲ, ಪತ್ರದ ಮೇಲಿರುವ ಸಹಿ ನನ್ನದಲ್ಲ” ಎಂದರೆ, ಮಾತು ಸತ್ಯವೇ ಇರಬಹುದು, ಆದರೆ ಅದನ್ನು ಹೈಕೋರ್ಟಿನಲ್ಲಿ ಅರ್ಜಿಯ ಮೇಲೆ ತೀರ್ಮಾನಿಸಲು ಬಾರದು.

ಕೇಸು ರದ್ದುಪಡಿಸಲು ಹೈಕೋರ್ಟ್ ಬಳಸುವ ಅಂತರ್ಗತ ಅಧಿಕಾರ, ಅಂದರೆ ನ್ಯಾಯ ಕಾಪಾಡಲು ಅದಕ್ಕೆ ಸಹಜವಾಗಿಯೇ ಇರುವ ಅಧಿಕಾರ, ಹಿಂದೆ ದಂಡ ಪ್ರಕ್ರಿಯಾ ಸಂಹಿತೆಯ 482ನೇ ಕಲಮಿನಲ್ಲಿತ್ತು. 2024ರ ಜುಲೈ 1ರಿಂದ, ಅದರ ಬದಲಿಗೆ ಬಂದ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 528ನೇ ಕಲಮಿನಲ್ಲಿದೆ. ನ್ಯಾಯಾಲಯದ ನಡವಳಿ ಕಿರುಕುಳದ ಅಸ್ತ್ರವಾಗಬಾರದೆಂದು ಸುಪ್ರೀಂ ಕೋರ್ಟ್ 1977ರಲ್ಲಿ ಹೇಳಿದ್ದು ನಮ್ಮದೇ ರಾಜ್ಯದ ಮುನಿಸ್ವಾಮಿ ಪ್ರಕರಣದಲ್ಲಿ. ಯಾವ ಸಂದರ್ಭಗಳಲ್ಲಿ ರದ್ದುಪಡಿಸಬಹುದೆಂದು ಏಳು ಬಗೆಗಳನ್ನು ವಿವರಿಸಿದ್ದು ಹರಿಯಾಣದ ಮಾಜಿ ಮುಖ್ಯಮಂತ್ರಿ ಭಜನ್ ಲಾಲ್ ಅವರ ಪ್ರಕರಣದ 1990ರ ತೀರ್ಪು. ಎಲ್ಲ ಅರ್ಜಿಗಳಲ್ಲೂ ಉಲ್ಲೇಖಗೊಳ್ಳುವ ಈ ತೀರ್ಪಿನಲ್ಲಿ ಎಫ್‌ಐಆರ್ ರದ್ದಾಗಿರಲಿಲ್ಲ ಎಂಬುದನ್ನು ಬಹಳ ಜನ ಗಮನಿಸುವುದಿಲ್ಲ. ತನಿಖೆ ಮಾಡಿದ ಅಧಿಕಾರಿಗೆ ಕಾನೂನುಬದ್ಧ ಅಧಿಕಾರವಿರಲಿಲ್ಲವೆಂದು ತನಿಖೆ ಮಾತ್ರ ರದ್ದಾಗಿ, ಹೊಸದಾಗಿ ತನಿಖೆ ನಡೆಸಲು ಸರ್ಕಾರಕ್ಕೆ ಅವಕಾಶ ಉಳಿದಿತ್ತು.

ಕೆಲವೊಮ್ಮೆ ಆರೋಪ ಸರಿಯಿದ್ದರೂ ದಾರಿ ತಪ್ಪಿರುತ್ತದೆ. ಅಸಂಜ್ಞೇಯ ಅಪರಾಧದಲ್ಲಿ, ಅಂದರೆ ಪೊಲೀಸರು ವಾರಂಟ್ ಇಲ್ಲದೆ ಬಂಧಿಸಲಾಗದ ಸಣ್ಣ ಬಗೆಯ ಅಪರಾಧದಲ್ಲಿ, ಮ್ಯಾಜಿಸ್ಟ್ರೇಟರ ಆದೇಶವಿಲ್ಲದೆ ಪೊಲೀಸರು ತನಿಖೆ ಮಾಡುವಂತಿಲ್ಲ. ಜೂಜಾಟದ ಎಷ್ಟೋ ಹಳೆಯ ಕೇಸುಗಳಲ್ಲಿ ಆ ಆದೇಶವೆಂದರೆ ಠಾಣೆಯಿಂದ ಬಂದ ಮನವಿಯ ಅಂಚಿನಲ್ಲಿ ಬರೆದ “ಅನುಮತಿಸಿದೆ” ಎಂಬ ಒಂದು ಪದ ಮತ್ತು ಅದರ ಕೆಳಗೊಂದು ಸಹಿ ಅಷ್ಟೇ ಆಗಿರುತ್ತಿತ್ತು. ಯೋಚಿಸಿ ಕೊಟ್ಟ ಆದೇಶ ಇದಲ್ಲವೆಂದು ಕರ್ನಾಟಕ ಹೈಕೋರ್ಟ್ ಅಂಥ ಕೇಸುಗಳನ್ನು ರದ್ದುಪಡಿಸಿದೆ. ಇದನ್ನು ತಾಂತ್ರಿಕ ನೆಪವೆಂದು ಕರೆಯುವವರ ಮಾತನ್ನು ನಾನು ಒಪ್ಪುವುದಿಲ್ಲ. ಒಬ್ಬ ಮನುಷ್ಯನನ್ನು ವರ್ಷಗಟ್ಟಲೆ ವಾಯಿದೆಗೆ ಅಲೆಸಬಲ್ಲ ಆದೇಶಕ್ಕೆ ಕಾರಣ ಬರೆಯುವಷ್ಟಾದರೂ ಶ್ರಮ ಇರಲೇಬೇಕು.

“ನಮ್ಮಲ್ಲಿ ರಾಜಿಯಾಗಿದೆ” ಎಂದು ಬರುವವರೂ ಇದ್ದಾರೆ. ಗಂಡ ಹೆಂಡಿರ ಜಗಳ, ಪಾಲುದಾರಿಕೆ, ಹಣಕಾಸಿನ ವ್ಯವಹಾರಗಳಲ್ಲಿ, ಕಾನೂನಿನ ಪಟ್ಟಿಯಲ್ಲಿ ರಾಜಿಗೆ ಅವಕಾಶವಿಲ್ಲದ ಕಲಮುಗಳಿದ್ದರೂ, ಹೈಕೋರ್ಟ್ ರಾಜಿಯನ್ನು ಪರಿಗಣಿಸಿ ಕೇಸು ಮುಗಿಸಬಹುದೆಂದು ಸುಪ್ರೀಂ ಕೋರ್ಟ್ 2012ರ ಗ್ಯಾನ್ ಸಿಂಗ್ ಪ್ರಕರಣದಲ್ಲಿ ಸ್ಪಷ್ಟಪಡಿಸಿತು. ಕೊಲೆ, ಅತ್ಯಾಚಾರ, ದರೋಡೆಯಂಥ ಅಪರಾಧಗಳಿಗೆ ಇದು ಅನ್ವಯಿಸದೆಂದೂ ಹೇಳಿತು. ರಾಜಸ್ಥಾನದಲ್ಲಿ ವಿದ್ಯಾರ್ಥಿನಿಗೆ ಲೈಂಗಿಕ ಕಿರುಕುಳ ನೀಡಿದ ಆರೋಪ ಹೊತ್ತ ಶಿಕ್ಷಕನೊಡನೆ ಆಕೆಯ ತಂದೆ ರಾಜಿಯಾದರು, ಹೈಕೋರ್ಟ್ ಕೇಸನ್ನು ಮುಗಿಸಿತು. 2024ರ ನವೆಂಬರಿನಲ್ಲಿ ಸುಪ್ರೀಂ ಕೋರ್ಟ್ ಅದನ್ನು ಮತ್ತೆ ಜೀವಂತಗೊಳಿಸಿತು. ಮಗುವಿನ ಮೇಲಾದ ಅನ್ಯಾಯವನ್ನು ದೊಡ್ಡವರು ಕಾಗದದ ಮೇಲೆ ಸಹಿ ಹಾಕಿ ಅಳಿಸಲಾಗದೆಂಬ ಈ ನಿಲುವು ನನಗೆ ಪೂರ್ತಿ ಸರಿಯೆನಿಸುತ್ತದೆ.

ವಿಳಂಬದ ಬಗ್ಗೆಯೂ ಪ್ರಶ್ನೆ ಬರುತ್ತದೆ. ಇಷ್ಟು ವರ್ಷ ಕಳೆದರೆ ಕೇಸು ತಾನಾಗಿ ಮುಗಿಯುತ್ತದೆಂಬ ನಿಯಮವನ್ನು ನ್ಯಾಯಾಲಯಗಳು ಮಾಡುವಂತಿಲ್ಲವೆಂದು 2002ರಲ್ಲಿ, ಕರ್ನಾಟಕದಿಂದಲೇ ಹೋದ ಪಿ. ರಾಮಚಂದ್ರ ರಾವ್ ಪ್ರಕರಣದಲ್ಲಿ, ಏಳು ನ್ಯಾಯಮೂರ್ತಿಗಳ ಪೀಠ ತೀರ್ಪಿತ್ತಿದೆ.

ಹೈಕೋರ್ಟ್ ಒಪ್ಪದಿದ್ದರೆ ದಾರಿ ಮುಚ್ಚಿತೆಂದಲ್ಲ. ತನಿಖೆ ಮುಗಿಸಿ ಪೊಲೀಸರು ಸಲ್ಲಿಸುವ ಚಾರ್ಜ್‌ಶೀಟಿನಲ್ಲಿ ಆರೋಪ ಹೊರಿಸುವಷ್ಟು ಆಧಾರವಿಲ್ಲದಿದ್ದರೆ ವಿಚಾರಣಾ ನ್ಯಾಯಾಲಯವೇ ಆರೋಪಿಯನ್ನು ಕೈಬಿಡಬಹುದು. ಹೊಸ ಸಂಹಿತೆಯಂತೆ, ಹಾಗೆ ಕೈಬಿಡಬೇಕೆಂದು ಕೋರುವ ಅರ್ಜಿಗೆ 60 ದಿನಗಳ ಗಡುವಿದೆ. ಮ್ಯಾಜಿಸ್ಟ್ರೇಟರೇ ವಿಚಾರಿಸುವ ವಾರಂಟ್ ಪ್ರಕರಣದಲ್ಲಿ (ಎರಡು ವರ್ಷಕ್ಕಿಂತ ಹೆಚ್ಚು ಶಿಕ್ಷೆಯಾಗಬಲ್ಲ ಅಪರಾಧ) ದಾಖಲೆಗಳ ಪ್ರತಿ ಕೈಸೇರಿದಂದಿನಿಂದ, ಸೆಷನ್ಸ್ ನ್ಯಾಯಾಲಯ ವಿಚಾರಿಸುವ ಗಂಭೀರ ಪ್ರಕರಣದಲ್ಲಿ ಕೇಸು ಅಲ್ಲಿಗೆ ಒಪ್ಪಿಸಲ್ಪಟ್ಟ ದಿನದಿಂದ ಅದನ್ನು ಎಣಿಸಬೇಕು. ಆದ್ದರಿಂದ ಚಾರ್ಜ್‌ಶೀಟ್ ಪ್ರತಿ ಸಿಕ್ಕ ದಿನಾಂಕವನ್ನು ಅದರ ಮೊದಲ ಪುಟದ ಮೇಲೆಯೇ ಬರೆದಿಟ್ಟುಕೊಂಡು ಬನ್ನಿ ಎಂದು ನನ್ನ ಕಕ್ಷಿದಾರರಿಗೆ ಹೇಳುತ್ತೇನೆ.