ಮಲ್ಪೆ ದಕ್ಕೆಯಲ್ಲಿ ಒಂದು ಜಪಾನಿ ಬೋಟು

ಉಡುಪಿಯಲ್ಲಿ ಎರಡು ದಿನ ಇದ್ದೆ. ಮಠ, ಗೋಳಿಬಜೆ ಎಲ್ಲ ಆಯ್ತು, ಅದನ್ನು ಎಲ್ಲರೂ ಬರೆದಿದ್ದಾರೆ. ನನಗೆ ಉಳಿದದ್ದು ಮಲ್ಪೆಯ ಒಂದೂವರೆ ಗಂಟೆ.

ಸೇಂಟ್ ಮೇರೀಸ್ ದ್ವೀಪಕ್ಕೆ ಟಿಕೆಟ್ ಕೊಟ್ಟವನು 'ಹತ್ತೇ ನಿಮಿಷ' ಅಂದಿದ್ದ. ಜನ ತುಂಬದೆ ಹೊರಡೋದಿಲ್ಲ ಅಂತ ಮಾತ್ರ ಹೇಳಲಿಲ್ಲ. ವಾರದ ನಡುವೆ ಹೋಗುವವರು ದುಡ್ಡು ಕೊಡೋ ಮೊದಲೇ ಎಷ್ಟು ಜನ ಆಗಿದ್ದಾರೆ ಅಂತ ಕೇಳಿ, ಇಲ್ಲಾಂದ್ರೆ ನನ್ನ ಹಾಗೆ ಬಿಸಿಲಲ್ಲಿ ಒಣಗುತ್ತೀರಿ.

ಬೇಸತ್ತು ದಕ್ಕೆಯ ಕಡೆ, ಅಂದ್ರೆ ಮೀನಿನ ಬೋಟುಗಳು ನಿಲ್ಲುವ ಕಟ್ಟೆಯ ಕಡೆ ನಡೆದೆ. ಒಬ್ಬ ಹಿರಿಯರು ಬಲೆ ಹೆಣೆಯುತ್ತಿದ್ದರು. ಮೊದಲು ತಂಡೇಲರಾಗಿದ್ದರಂತೆ, ಅಂದ್ರೆ ಬೋಟು ನಡೆಸುವ ಮುಖ್ಯಸ್ಥರು. ಬೋಟಿನ ಮಾತು ಬಂದು, ಟೋಕಿಯೋದ ವಸ್ತುಸಂಗ್ರಹಾಲಯದಲ್ಲಿ ತೆಗೆದ ಒಂದು ಫೋಟೋ ತೋರಿಸಿದೆ. ಹಳೇ ಮರದ ಬೋಟು, ಹೆಸರು ಡೈಗೊ ಫುಕುರ್ಯು ಮಾರು. 1954ರ ಮಾರ್ಚ್ 1ರಂದು ಅಮೆರಿಕ ಪೆಸಿಫಿಕ್ ಸಾಗರದ ಬಿಕಿನಿ ದ್ವೀಪಗಳಲ್ಲಿ ಹೈಡ್ರೋಜನ್ ಬಾಂಬ್ ಸಿಡಿಸಿ ನೋಡಿತು. ಹಿರೋಶಿಮಾದ ಬಾಂಬಿಗಿಂತ ಸುಮಾರು ಸಾವಿರ ಪಟ್ಟು ದೊಡ್ಡದು. ಆಗ ಈ ಬೋಟು ಟ್ಯೂನಾ ಹಿಡಿಯುತ್ತಾ ನೂರು ಕಿಲೋಮೀಟರಿಗೂ ದೂರದಲ್ಲಿತ್ತು. ಆದರೂ ವಿಕಿರಣ ತುಂಬಿದ ಹವಳದ ಬೂದಿ ಹಿಟ್ಟು ಜರಡಿ ಹಿಡಿದ ಹಾಗೆ ಬೋಟಿನವರ ಮೈಮೇಲೆ ಸುರಿಯಿತು.

"ಕೂಡ್ಲೆ ಓಡಿ ಬರ್ಬೇಕಿತ್ತಲ್ವಾ" ಅಂದೆ.

ಅವರ ಕೈ ನಿಂತಿತು. "ಗಾಳದ ಹಗ್ಗ ನೀರಲ್ಲಿ ಇತ್ತಾ?"

ಇತ್ತು. ಬೂದಿ ಬೀಳುತ್ತಿದ್ದರೂ ಗಂಟೆಗಟ್ಟಲೆ ಅದನ್ನೇ ಎಳೆದುಕೊಂಡಿದ್ದರು.

"ಮತ್ತೆ? ಹಗ್ಗ ಬಿಟ್ಟು ಬರ್ಲಿಕ್ಕೆ ಆಗ್ತದಾ ಮಾರಾಯ್ರೇ? ಸಾಲ ಯಾರು ತೀರಿಸ್ತಾರೆ?"

ಇದು ನನಗೆ ಹೊಳೆದೇ ಇರಲಿಲ್ಲ. 23 ಜನರಿಗೂ ಕಾಯಿಲೆ ಆಯ್ತು, ರೇಡಿಯೋ ನೋಡಿಕೊಳ್ಳುತ್ತಿದ್ದ ಕುಬೊಯಾಮಾ ಸೆಪ್ಟೆಂಬರಿನಲ್ಲಿ ತೀರಿಕೊಂಡರು ಅಂತ ಹೇಳಿದೆ. ಅವರು ಸುಮ್ನೆ ಕೇಳಿಸಿಕೊಂಡು, "ಮೀನು?" ಅಂದರು.

ಗೊತ್ತಾಗುವ ಹೊತ್ತಿಗೆ ಸ್ವಲ್ಪ ಮಾರುಕಟ್ಟೆಗೆ ಹೋಗಿತ್ತು, ಹುಡುಕಿ ಮಣ್ಣಲ್ಲಿ ಹೂತರು, ಜನ ಮೀನು ತಿನ್ನೋದಕ್ಕೇ ಹೆದರಿದರು ಅಂದೆ.

"ಹಾಗಾದ್ರೆ ಬಾಕಿ ಬೋಟಿನವ್ರೂ ಹೋದ್ರು. ಒಂದು ಸುದ್ದಿ ಸಾಕು, ನಮ್ಮ ಬಂಗುಡೆಗೂ ರೇಟ್ ಇರೋದಿಲ್ಲ."

ಬಿಕಿನಿಯ ಆಚೆ ಇರುವ ರೊಂಗೆಲಾಪ್ ದ್ವೀಪದ ಮಾತೂ ಹೇಳಿದೆ. ಅಲ್ಲಿನ ಮಕ್ಕಳು ಆ ಬೂದಿಯಲ್ಲೇ ಆಡಿದ್ದರು. ಊರಿನವರನ್ನು ಎರಡು ದಿನ ಆದ ಮೇಲೆ ಸಾಗಿಸಿದರು, 1957ರಲ್ಲಿ ವಾಪಸ್ ಬಿಟ್ಟರು. ಕಾಯಿಲೆಗೆ ಹೆದರಿ 1985ರಲ್ಲಿ ಅವರೇ ಊರು ಬಿಟ್ಟರು. ಇದಕ್ಕೆ ಮಾತ್ರ ತಂಡೇಲರು ಏನೂ ಅನ್ನಲಿಲ್ಲ. ಫೋಟೋ ದೊಡ್ಡದು ಮಾಡಿ ಬೋಟಿನ ಮೂತಿಯನ್ನು ಬಹಳ ಹೊತ್ತು ನೋಡಿದರು.

ಅಷ್ಟರಲ್ಲಿ ದ್ವೀಪದ ದೋಣಿಯವನು ಕೂಗಿದ. ಹೋಗಿಬಂದೆ. ಕಲ್ಲಿನ ಕಂಬಗಳು ಚೆನ್ನಾಗಿವೆ, ಜನ ಜಾಸ್ತಿ.